ಲಾರಿ ಹಾಯ್ದು ಸತ್ತವನ ಲೆಕ್ಕ ಕೇಳುವವರು ಯಾರು?

ಮಧ್ಯಾಹ್ನ ಎರಡರ ಹೊತ್ತಿಗೆ ಪುಟ ಮುಗಿಸುವ ಅವಸರ. ಮೂಲೆಯಲ್ಲಿ ನಾಲ್ಕು ಸಾಲಿನ ಜಾಗ ಖಾಲಿ ಉಳಿದಿದೆ ಅಂತ ಇಟ್ಟುಕೊಳ್ಳಿ. ಹೆದ್ದಾರಿ ಪಕ್ಕದ ಯಾವುದಾದರೂ ಠಾಣೆಗೆ ಫೋನು ಹಚ್ಚಿದರೆ ಆಯಿತು, ಜಾಗ ತುಂಬಿತು. 'ಬೈಕಿಗೆ ಲಾರಿ ಡಿಕ್ಕಿ: ಸವಾರ ಸಾವು.' 'ಅಪರಿಚಿತ ವಾಹನ ಬಡಿದು ಪಾದಚಾರಿ ಸಾವು.' ಹೆಸರು, ವಯಸ್ಸು, ಊರು, 'ಪ್ರಕರಣ ದಾಖಲಾಗಿದೆ' ಎಂಬ ಕೊನೆಯ ಸಾಲು. ಮರುದಿನ ಆ ಪತ್ರಿಕೆಯಲ್ಲಿ ಮಿರ್ಚಿ ಕಟ್ಟುತ್ತಾರೆ. ಬರೆದವನಿಗೂ ಮರೆತು ಹೋಗುತ್ತದೆ.

ಮೊನ್ನೆ ಒಬ್ಬ ಹೆಣ್ಣುಮಗಳು ನಮ್ಮ ಕಚೇರಿಯ ಮೆಟ್ಟಿಲು ಹತ್ತಿ ಬಂದಳು. ಸಂಗಡ ಎಂಟು-ಹತ್ತು ವರ್ಷದ ಹುಡುಗ. ಬಾಗಿಲಲ್ಲೇ ನಿಂತು ಕೇಳಿದಳು: "ಸಾಹೇಬ್ರ, ನನ್ನ ಗಂಡ ಸತ್ತ ಪೇಪರ್ ಬೇಕಾಗಿತ್ರಿ."

ಅದು ನಾಲ್ಕು ತಿಂಗಳ ಹಿಂದಿನ ಮಾತು. ಗಂಡ ಮಾರುಕಟ್ಟೆಯಲ್ಲಿ ಹಮಾಲಿ ಮಾಡುತ್ತಿದ್ದ. ರಾತ್ರಿ ಕೆಲಸ ಮುಗಿಸಿ ಹೆದ್ದಾರಿಯ ಅಂಚಿನಲ್ಲಿ ಮನೆಗೆ ನಡೆದು ಹೊರಟಿದ್ದ. ಯಾವುದೋ ಗಾಡಿ ಬಡಿದು ಹೋಯಿತು. ನಿಲ್ಲಲಿಲ್ಲ. ಹಳೆ ಸಂಚಿಕೆಗಳ ಕಟ್ಟು ಬಿಚ್ಚಿ ಹುಡುಕಿದೆ. ಸಿಕ್ಕಿತು, ಮೂರನೇ ಪುಟದ ಕೆಳಗೆ ನಾಲ್ಕೇ ಸಾಲು. ಬರೆದವನು ನಾನೇ.

"ಇದನ್ನ ತಗೊಂಡು ಏನ್ ಮಾಡ್ತೀಯವ್ವಾ?" ಅಂದೆ.

"ಗಾಡಿ ಸಿಗಲಿಲ್ಲಂದ್ರ ಏನೂ ಬರೂದಿಲ್ಲ ಅಂತ ಎಲ್ಲಾರೂ ಹೇಳ್ಯಾರ್ರಿ. ಪೇಪರಿನ್ಯಾಗ ಬಂದಿದ್ರ ಏನರ ಬರತೈತಿ ಅಂತ ಒಬ್ರು ಅಂದ್ರು. ಅದಕ್ಕ ಬಂದೆ."

ಓದುಗ ಬಾಂಧವರೇ, ಆ ಹೆಂಗಸಿಗೆ ಬರಬೇಕಾದದ್ದು 2 ಲಕ್ಷ ರೂಪಾಯಿ. ಗಾಡಿ ಸಿಗದೇ ಇದ್ದರೂ ಬರಬೇಕು. ಗಾಡಿ ಸಿಗದೇ ಇದ್ದದ್ದಕ್ಕೇ ಬರಬೇಕು ಅಂದರೂ ತಪ್ಪಲ್ಲ. ನಾಲ್ಕು ತಿಂಗಳಲ್ಲಿ ಇದನ್ನು ಆಕೆಗೆ ಹೇಳಿದವರು ಯಾರೂ ಇಲ್ಲ. ಠಾಣೆಯವರು ಹೇಳಲಿಲ್ಲ, ಊರ ಹಿರಿಯರು ಹೇಳಲಿಲ್ಲ, ಸುದ್ದಿ ಬರೆದ ನಾನೂ ಹೇಳಲಿಲ್ಲ. ಕಾರಣ ಸರಳ: ನನಗೇ ಸರಿಯಾಗಿ ಗೊತ್ತಿರಲಿಲ್ಲ. ಅಂದಿನಿಂದ ಇದರ ಬೆನ್ನು ಹತ್ತಿ ವಕೀಲರನ್ನು ಕೇಳಿ, ತೀರ್ಪುಗಳನ್ನು ಓದಿಸಿಕೊಂಡು ತಿಳಿದದ್ದನ್ನು ಇಲ್ಲಿ ಇಡುತ್ತಿದ್ದೇನೆ.

ದಯೆ ಬೇರೆ, ಹಕ್ಕು ಬೇರೆ

ನಮ್ಮ ಹಾವೇರಿ ಜಿಲ್ಲೆಗೆ ರಸ್ತೆ ಸಾವು ಹೊಸದಲ್ಲ. ಪುಣೆ-ಬೆಂಗಳೂರು ಹೆದ್ದಾರಿ ಶಿಗ್ಗಾವಿಯಿಂದ ರಾಣೆಬೆನ್ನೂರಿನವರೆಗೆ ನಮ್ಮ ಎದೆಯ ಮೇಲೇ ಹಾದುಹೋಗಿದೆ. 2024ರ ಜೂನ್ 28ರ ನಸುಕಿನಲ್ಲಿ ಬ್ಯಾಡಗಿ ತಾಲೂಕಿನ ಗುಂಡೇನಹಳ್ಳಿ ಕ್ರಾಸ್ ಹತ್ತಿರ ನಿಂತ ಲಾರಿಗೆ ಟೆಂಪೋ ಟ್ರಾವೆಲರ್ ಹಿಂದಿನಿಂದ ಗುದ್ದಿ 13 ಮಂದಿ ಸತ್ತರು. ದೇವರ ದರ್ಶನ ಮುಗಿಸಿ ಭದ್ರಾವತಿ ಕಡೆಯ ತಮ್ಮೂರಿಗೆ ಮರಳುತ್ತಿದ್ದವರು. 2025ರ ಜನವರಿ 22ರಂದು ಸವಣೂರಿನಿಂದ ಕುಮಟಾ ಸಂತೆಗೆ ಹೊರಟಿದ್ದ ಹಣ್ಣು-ತರಕಾರಿ ವ್ಯಾಪಾರಿಗಳ ಲಾರಿ ಯಲ್ಲಾಪುರದ ಘಟ್ಟದಲ್ಲಿ ಉರುಳಿ 10 ಮಂದಿ ಹೋದರು. ಸವಣೂರಿನ ಓಣಿಗಳಲ್ಲಿ ಅಂದು ಒಲೆ ಹೊತ್ತಲಿಲ್ಲ.

ಎರಡೂ ಸಲ ಪ್ರಧಾನಿಯವರ ಪರಿಹಾರ ನಿಧಿಯಿಂದ ಸತ್ತವರ ಮನೆಗೆ ತಲಾ 2 ಲಕ್ಷ ಘೋಷಣೆಯಾಯಿತು. ರಾಜ್ಯ ಸರ್ಕಾರವೂ ತನ್ನ ಪಾಲು ಘೋಷಿಸಿತು. ಒಳ್ಳೆಯದೇ. ಸೂತಕದ ಮನೆಗೆ ಆ ಹೊತ್ತಿನಲ್ಲಿ ಬಂದ ಹಣ ಹಣವೇ. ಆದರೆ ಅದು ದಯೆ. ಸರ್ಕಾರ ಕೊಟ್ಟರೆ ಉಂಟು, ಕೊಡದಿದ್ದರೆ ಕೇಳಲು ಬರುವುದಿಲ್ಲ. ಹತ್ತು ಮಂದಿ ಒಟ್ಟಿಗೆ ಸತ್ತರೆ ಕೊಡುತ್ತಾರೆ. ಒಬ್ಬನೇ ರಾತ್ರಿ ರಸ್ತೆ ಅಂಚಿನಲ್ಲಿ ಸತ್ತರೆ ಸಚಿವರಿಗೂ ಗೊತ್ತಾಗುವುದಿಲ್ಲ, ಶಾಸಕರಿಗೂ ಗೊತ್ತಾಗುವುದಿಲ್ಲ.

ಹಕ್ಕು ಎನ್ನುವುದು ಬೇರೆ. ಮೋಟಾರು ವಾಹನ ಕಾಯ್ದೆಯಲ್ಲಿ ಅದು ಬರೆದಿದೆ. ಅದನ್ನು ಕೊಡುವವರು ಗಾಡಿಯ ಮಾಲೀಕರು, ಅವರ ಪರವಾಗಿ ವಿಮಾ ಕಂಪನಿ. ಕೊಡಿಸುವುದು ಜಿಲ್ಲೆಯ ಅಪಘಾತ ಪರಿಹಾರ ನ್ಯಾಯಮಂಡಳಿ. ಸರ್ಕಾರದ ಚೆಕ್ಕು ಬಂತು ಅಂತ ಈ ಹಕ್ಕು ತೀರಿ ಹೋಗುವುದಿಲ್ಲ. ನಮ್ಮ ಜನ ಮಾತ್ರ ಚೆಕ್ಕಿನ ಫೋಟೋ ಪೇಪರಿನಲ್ಲಿ ಬಂದ ದಿನವೇ ಎಲ್ಲ ಮುಗಿಯಿತು ಅಂತ ತಿಳಿದುಬಿಡುತ್ತಾರೆ.

2022ರಲ್ಲಿ ಈ ದೇಶದ ರಸ್ತೆಗಳ ಮೇಲೆ 1,68,491 ಜನ ಸತ್ತರು. ಕರ್ನಾಟಕದಲ್ಲೇ 11,702. ಇವರಲ್ಲಿ ಮಂತ್ರಿಗಳು ಸಾಂತ್ವನ ಹೇಳಿದ ಮನೆಗಳೆಷ್ಟು, ನೀವೇ ಅಂದಾಜು ಮಾಡಿ.

ಓಡಿ ಹೋದ ಗಾಡಿ, ಮೂಲೆ ಸೇರಿದ ಯೋಜನೆ

ಮೊದಲು ಆ ಹೆಣ್ಣುಮಗಳ ಪ್ರಶ್ನೆಗೇ ಬರೋಣ. ಬಡಿದು ಓಡಿಹೋದ ಗಾಡಿಯ ಗುರುತು ಸಿಗದಿದ್ದರೆ ಕೇಂದ್ರ ಸರ್ಕಾರದ ಒಂದು ಯೋಜನೆ ಇದೆ. ಮೊದಲು 1989ರ ಯೋಜನೆ ಇತ್ತು. ಸಾವಿಗೆ 25,000, ಭಾರೀ ಗಾಯಕ್ಕೆ 12,500. 2022ರ ಏಪ್ರಿಲ್ 1ರಿಂದ ಹೊಸದು ಬಂತು. ಸಾವಿಗೆ 2 ಲಕ್ಷ, ಭಾರೀ ಗಾಯಕ್ಕೆ 50,000.

ಅರ್ಜಿ ಕೊಡಬೇಕಾದದ್ದು ದೂರದ ದಿಲ್ಲಿಗಲ್ಲ. ತಹಶೀಲ್ದಾರ್ ಅಥವಾ ಉಪವಿಭಾಗಾಧಿಕಾರಿಯಂಥ ಕಂದಾಯ ಅಧಿಕಾರಿಗೆ. ಅವರು ಒಂದು ತಿಂಗಳಲ್ಲಿ ವಿಚಾರಣೆ ಮಾಡಿ ಜಿಲ್ಲಾಧಿಕಾರಿಗೆ ವರದಿ ಕಳಿಸಬೇಕು. ಜಿಲ್ಲಾಧಿಕಾರಿ 15 ದಿನದಲ್ಲಿ ಮಂಜೂರು ಮಾಡಬೇಕು. ಆಮೇಲೆ 15 ದಿನದಲ್ಲಿ ಹಣ ನೇರ ಬ್ಯಾಂಕ್ ಖಾತೆಗೆ. ವಕೀಲರೂ ಬೇಡ, ಕೋರ್ಟೂ ಬೇಡ. ಎಫ್‌ಐಆರ್ ಪ್ರತಿ, ಮರಣೋತ್ತರ ಪರೀಕ್ಷೆಯ ವರದಿ ಅಥವಾ ಮರಣ ಪತ್ರ, ಗುರುತಿನ ಚೀಟಿ, ಪಾಸ್‌ಬುಕ್ ಇದ್ದರೆ ಸಾಕು. ಮುಂದೆ ಗಾಡಿ ಸಿಕ್ಕರೆ ನ್ಯಾಯಮಂಡಳಿಗೆ ಹೋಗುವ ದಾರಿ ತೆರೆದೇ ಇರುತ್ತದೆ. ಅಲ್ಲಿ ದೊಡ್ಡ ಪರಿಹಾರ ಬಂದರೆ ಈ 2 ಲಕ್ಷ ಮರಳಿಸಬೇಕು, ಅಷ್ಟೆ.

ಇಷ್ಟು ಸುಲಭ ಇದ್ದ ಮೇಲೆ ಜನ ಮುಗಿಬಿದ್ದಿರಬೇಕಲ್ಲವೇ? ಕೇಳಿ. 2022ರಲ್ಲಿ ದೇಶದಲ್ಲಿ ಗುದ್ದಿ ಓಡಿಹೋದ ಪ್ರಕರಣಗಳು 67,387. 2022-23ರಲ್ಲಿ ಈ ಯೋಜನೆಯಡಿ ಬಂದ ಅರ್ಜಿಗಳು ಬರೇ 205! ಅದರಲ್ಲೂ ಇತ್ಯರ್ಥವಾದದ್ದು 95. ಇದು ನನ್ನ ಲೆಕ್ಕವಲ್ಲ, 2024ರ ಜನವರಿ 12ರಂದು ಸುಪ್ರೀಂ ಕೋರ್ಟೇ ತನ್ನ ಆದೇಶದಲ್ಲಿ ಬರೆದ ಲೆಕ್ಕ. ಅಷ್ಟೂ ಅಪಘಾತಗಳಲ್ಲಿ ಗಾಡಿಯ ಗುರುತು ಕೊನೆಗೂ ಸಿಗಲಿಲ್ಲ ಅಂತೇನಲ್ಲ. ಆದರೂ ಅರವತ್ತೇಳು ಸಾವಿರವೆಲ್ಲಿ, ಇನ್ನೂರ ಐದೆಲ್ಲಿ?

ಅದೇ ಆದೇಶದಲ್ಲಿ ಕೋರ್ಟು ಪೊಲೀಸರಿಗೂ ಒಂದು ಕೆಲಸ ಹಚ್ಚಿದೆ. ಒಂದು ತಿಂಗಳು ಹುಡುಕಿಯೂ ಗಾಡಿಯ ವಿವರ ಸಿಗದಿದ್ದರೆ, 'ನಿಮಗೆ ಹೀಗೊಂದು ಪರಿಹಾರ ಇದೆ, ಇಂಥ ಅಧಿಕಾರಿಯನ್ನು ಕಾಣಿರಿ' ಎಂದು ಸತ್ತವರ ಮನೆಯವರಿಗೆ ಲಿಖಿತವಾಗಿ ತಿಳಿಸಬೇಕು. ಬಾಯಿಮಾತು ಸಾಲದು. ಆ ಹೆಣ್ಣುಮಗಳ ಕೈಯಲ್ಲಿ ಅಂಥ ಕಾಗದ ಇರಲಿಲ್ಲ. ಇಂಥ ಕಾಗದ ಬಂದ ಮನೆ ನಿಮ್ಮೂರಲ್ಲಿ ಯಾವುದಾದರೂ ಇದ್ದರೆ ದಯಮಾಡಿ ನಮಗೆ ತಿಳಿಸಿ, ಹೋಗಿ ನೋಡಿ ಬರುತ್ತೇನೆ.

ಒಬ್ಬ ಗೌಂಡಿಯ ಲೆಕ್ಕ

ಇನ್ನು ಗಾಡಿ ಸಿಕ್ಕ ಪ್ರಕರಣಗಳು. ಇಲ್ಲಿ ಎಷ್ಟು ಪರಿಹಾರ ಎಂಬುದು ನ್ಯಾಯಾಧೀಶರ ಮರ್ಜಿಯಲ್ಲ, ವಕೀಲರ ಕೈಚಳಕವೂ ಅಲ್ಲ. ಲೆಕ್ಕ. 2009ರ ಸರಳಾ ವರ್ಮಾ ತೀರ್ಪು ಮತ್ತು 2017ರ ಪ್ರಣಯ್ ಸೇಠಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಈ ಲೆಕ್ಕವನ್ನು ಕಟ್ಟಿಕೊಟ್ಟಿದೆ. ನಾನು ಪಿಯುಸಿ ಅರ್ಧಕ್ಕೆ ಬಿಟ್ಟವನು, ಗಣಿತಕ್ಕೂ ನನಗೂ ಆಗಿಬರುತ್ತಿರಲಿಲ್ಲ. ನನಗೇ ತಿಳಿದ ಮೇಲೆ ನಿಮಗೆ ತಿಳಿಯದೇ?

34 ವರ್ಷದ ಒಬ್ಬ ಗೌಂಡಿ. ತಿಂಗಳಿಗೆ 15,000 ದುಡಿಯುತ್ತಿದ್ದ ಅನ್ನಿ. ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು, ಮುದಿ ತಾಯಿ. ಬದುಕಿದ್ದರೆ ಮುಂದೆ ಅವನ ಗಳಿಕೆ ಏರುತ್ತಿತ್ತು ಎಂದು ನೂರಕ್ಕೆ 40 ಸೇರಿಸಬೇಕು. 21,000 ಆಯಿತು. ಅವಲಂಬಿತರು ನಾಲ್ವರು, ಆದ್ದರಿಂದ ಅವನ ಸ್ವಂತ ಖರ್ಚೆಂದು ಕಾಲು ಭಾಗ ಕಳೆಯಬೇಕು. ಉಳಿದದ್ದು 15,750. ವರ್ಷಕ್ಕೆ 1,89,000. 31ರಿಂದ 35 ವಯಸ್ಸಿನವನಿಗೆ 16ರಿಂದ ಗುಣಿಸಬೇಕು. 30,24,000 ರೂಪಾಯಿ. ಇದರ ಮೇಲೆ ಸಂಸಾರದ ಸಾಂಗತ್ಯ ಕಳೆದುಕೊಂಡದ್ದಕ್ಕೆ ಹೆಂಡತಿ, ಮಕ್ಕಳು, ತಾಯಿಗೆ ತಲಾ 40,000, ಅಂತ್ಯಕ್ರಿಯೆಗೆ 15,000, ಆಸ್ತಿಯ ನಷ್ಟಕ್ಕೆ 15,000. ಒಟ್ಟು 32,14,000. ಕೊನೆಯ ಈ ಮೂರು ಬಾಬ್ತುಗಳು ಮೂರು ವರ್ಷಕ್ಕೊಮ್ಮೆ ನೂರಕ್ಕೆ 10 ಏರುತ್ತವೆ. ಅರ್ಜಿ ಹಾಕಿದ ದಿನದಿಂದ ಬಡ್ಡಿ ಬೇರೆ.

ಮದುವೆಯಾಗದ 24ರ ಹುಡುಗನಾದರೆ ಅರ್ಧ ಕಳೆಯುತ್ತಾರೆ, 18ರಿಂದ ಗುಣಿಸುತ್ತಾರೆ. ಅದೇ 15,000 ದುಡಿಮೆಗೆ 22,68,000 ಬರುತ್ತದೆ. ಮನೆಗೆಲಸದ ಹೆಂಗಸು ಸತ್ತರೆ 'ಅವಳಿಗೇನು ದುಡಿಮೆ ಇತ್ತು' ಅಂತ ಕೇಳುವ ಗಂಡಸರಿಗೆ ಸುಪ್ರೀಂ ಕೋರ್ಟು 2024ರ ಫೆಬ್ರವರಿಯಲ್ಲಿ ಉತ್ತರ ಕೊಟ್ಟಿದೆ: ಗೃಹಿಣಿಯ ಆದಾಯವನ್ನು ದಿನಗೂಲಿಯವನಿಗಿಂತ ಕಡಿಮೆ ಎಣಿಸುವಂತಿಲ್ಲ.

ಈಗ ಲೆಕ್ಕದ ಇನ್ನೊಂದು ಮಗ್ಗುಲು ನೋಡಿ. ಅದೇ ಗೌಂಡಿ ತಿಂಗಳಿಗೆ 20,000 ದುಡಿಯುತ್ತಿದ್ದ ಅಂತ ತೋರಿಸುವ ಕಾಗದ ಇದ್ದಿದ್ದರೆ? ಪರಿಹಾರ 10,08,000 ರೂಪಾಯಿ ಹೆಚ್ಚುತ್ತಿತ್ತು. ಐದು ಸಾವಿರದ ಒಂದು ಕಾಗದಕ್ಕೆ ಹತ್ತು ಲಕ್ಷ! ಆದರೆ ನಮ್ಮ ಗೌಂಡಿಗೆ, ಹಮಾಲನಿಗೆ, ಟಂಟಂ ಹೊಡೆಯುವವನಿಗೆ ಪಗಾರ ಚೀಟಿ ಎಲ್ಲಿಂದ ಬರಬೇಕು? ಕಾಗದ ಇಲ್ಲದವರಿಗೆ ಕೋರ್ಟು ಅಂದಾಜು ಆದಾಯ ಹಿಡಿಯುತ್ತದೆ. ನಮ್ಮ ರಾಜ್ಯದಲ್ಲಿ ಅದಕ್ಕೆ ವರ್ಷವಾರು ಪಟ್ಟಿಯೇ ಇದೆ. ಬ್ಯಾಂಕ್ ಪಾಸ್‌ಬುಕ್, ಕಾರ್ಮಿಕ ಕಾರ್ಡು, ಸಂಘದ ಸಾಲದ ಕಂತು, ಗುತ್ತಿಗೆದಾರನ ಸಾಕ್ಷಿ, ಏನಾದರೂ ಇದ್ದರೆ ಅಂದಾಜಿಗಿಂತ ಮೇಲೆ ಹೋಗಬಹುದು. ಸತ್ತವನ ಅಂಗಿ ಜೇಬಿನಲ್ಲಿದ್ದ ಹಳೆ ಡೈರಿಯನ್ನು ಸುಡಬೇಡಿ ಅನ್ನುವುದು ಇದಕ್ಕೆ.

ವಯಸ್ಸೂ ಹಾಗೆಯೇ. 34ರ ಬದಲು 36 ಅಂತ ಬಿದ್ದರೆ 16ರ ಜಾಗದಲ್ಲಿ 15. ಒಂದೇ ಏಟಿಗೆ 1,89,000 ಹೋಯಿತು. ನಮ್ಮಲ್ಲಿ ಆಧಾರ್ ಕಾರ್ಡಿನಲ್ಲಿ ಅರ್ಧ ಊರಿನವರ ಹುಟ್ಟುಹಬ್ಬ ಜನವರಿ 1. ಆಧಾರ್ ವಯಸ್ಸಿಗೆ ಪುರಾವೆಯಲ್ಲ, ಶಾಲೆ ಬಿಟ್ಟ ದಾಖಲೆ ನೋಡಿ ಎಂದು 2024ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಠಾಣೆಯಲ್ಲಿ, ಆಸ್ಪತ್ರೆಯಲ್ಲಿ 'ಸುಮಾರು ನಲವತ್ತು' ಅಂತ ಬರೆದುಬಿಟ್ಟರೆ ಅದನ್ನೇ ಹಿಡಿದು ವಿಮಾ ವಕೀಲರು ಜಗ್ಗಾಡುತ್ತಾರೆ. ಸುದ್ದಿಯಲ್ಲಿ ನಾನು ಬರೆಯುವ ವಯಸ್ಸೂ ಹಾಗೇ ಫೋನಿನಲ್ಲಿ ಕೇಳಿದ ಅಂದಾಜು. ಈಗ ಬರೆಯುವಾಗ ಕೈ ನಡುಗುತ್ತದೆ.

ಕಟ್ಟೆಯ ಮೇಲಿನ ರಾಜಿ, ಐದು ಲಕ್ಷದ ಬಲೆ

ಹಾಗಾದರೆ ಮೂವತ್ತು ಲಕ್ಷ ಬರಬೇಕಾದವರಿಗೆ ಮೂರು ಲಕ್ಷ ಬಂದು ಸುಮ್ಮನಾಗುವುದು ಹೇಗೆ? ಹೇಗೆ ಅಂದರೆ, ಹೆಣ ಇನ್ನೂ ಶವಾಗಾರದಲ್ಲಿ ಇರುವಾಗಲೇ ಇಬ್ಬರು 'ಹಿತೈಷಿಗಳು' ಹಾಜರಾಗುತ್ತಾರೆ. ಗಾಡಿ ಮಾಲೀಕನ ಕಡೆಯವರು. "ಕೋರ್ಟು ಕಚೇರಿ ಅಂದ್ರ ವರ್ಷಗಟ್ಟಲೆ ತಿರುಗಬೇಕಾಕ್ಕತಿ, ಹೋದವ ಬರೂದಿಲ್ಲ, ಇಷ್ಟು ತಗೊಂಡು ಮುಗಿಸ್ರಿ." ಕಟ್ಟೆಯ ಮೇಲೆ ಪಂಚಾಯಿತಿ. ಬಿಳಿ ಹಾಳೆಯ ಮೇಲೆ ಹೆಬ್ಬೆಟ್ಟು. ಆಮೇಲೆ ಸಾಕ್ಷಿಗಳು ಠಾಣೆಯಲ್ಲಿ ಬೇರೆಯೇ ಮಾತಾಡುತ್ತಾರೆ, ದೂರಿನಲ್ಲಿ 'ತಾನೇ ಆಯತಪ್ಪಿ ಬಿದ್ದ' ಅಂತ ಸೇರುತ್ತದೆ. ಆ ಒಂದು ಸಾಲಿಗೆ ಮೂವತ್ತು ಲಕ್ಷ ಮುಳುಗಿತು.

ಇನ್ನೊಂದು ಕಡೆ ಏಜೆಂಟರು. ಆಸ್ಪತ್ರೆ ಬಾಗಿಲಲ್ಲಿ ಕಾದು ನಿಂತು, 'ಕೇಸು ನಾವ್ ನೋಡ್ಕೋತೀವಿ, ಬಂದದ್ರಾಗ ಇಷ್ಟು ನಮ್ಗ' ಅಂತ ವಕಾಲತ್ತಿಗೆ ಸಹಿ ಮಾಡಿಸಿಕೊಳ್ಳುವವರು. ಪ್ರಾಮಾಣಿಕವಾಗಿ ಕೇಸು ನಡೆಸುವ ವಕೀಲರು ನಮ್ಮ ಜಿಲ್ಲೆಯಲ್ಲಿ ಬೇಕಾದಷ್ಟಿದ್ದಾರೆ. ಅವರಿಗೂ ಈ ದಲ್ಲಾಳಿಗಳಿಂದ ಕೆಟ್ಟ ಹೆಸರು. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಆದಾಯ ಎಷ್ಟೇ ಇರಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಪುಕ್ಕಟೆ ವಕೀಲರು ಸಿಗುತ್ತಾರೆ. ಕಚೇರಿ ಕೋರ್ಟು ಆವರಣದಲ್ಲೇ ಇದೆ. ಗಂಡ ಸತ್ತ ಹೆಂಗಸಿಗೆ ಈ ಮಾತನ್ನು ಮೊದಲು ಹೇಳಬೇಕಾದವರು ಯಾರು?

ಇದರ ಜತೆಗೆ ಕಾನೂನಿನಲ್ಲೇ ಒಂದು ಕವಲುದಾರಿ ಇದೆ. 2022ರ ಏಪ್ರಿಲ್ 1ರಿಂದ 164ನೇ ಕಲಮಿನಲ್ಲಿ ತಪ್ಪು ಯಾರದೆಂದು ಸಾಬೀತು ಮಾಡದೆಯೇ ಸಾವಿಗೆ 5 ಲಕ್ಷ ಕೊಡುವ ವ್ಯವಸ್ಥೆ ಬಂತು. ಸಾಕ್ಷಿ ಇಲ್ಲದವರಿಗೆ ಇದು ದೊಡ್ಡ ಆಸರೆ. ಆದರೆ ಈ 5 ಲಕ್ಷವನ್ನು ಒಪ್ಪಿ ತೆಗೆದುಕೊಂಡರೆ 166ನೇ ಕಲಮಿನ ದೊಡ್ಡ ಅರ್ಜಿ ಬಿದ್ದುಹೋಗುತ್ತದೆ. ಮೇಲಿನ ಗೌಂಡಿಯ ಹೆಂಡತಿ ಅವಸರಕ್ಕೆ ಸಹಿ ಮಾಡಿದರೆ 32 ಲಕ್ಷದ ಜಾಗದಲ್ಲಿ 5 ಲಕ್ಷ. ಲೋಕ ಅದಾಲತ್ತಿನಲ್ಲೂ ಅಷ್ಟೇ ಎಚ್ಚರ ಬೇಕು. ಬೇಗ ಮುಗಿಯುತ್ತದೆ ನಿಜ. ಒಮ್ಮೆ ಒಪ್ಪಿದರೆ ಮೇಲ್ಮನವಿ ಇಲ್ಲ. ಅದಾಲತ್ತಿಗೆ ಹೋಗುವ ಮುಂಚೆ ನಿಮ್ಮ ಲೆಕ್ಕ ನೀವು ಮಾಡಿಕೊಂಡು ಹೋಗಿ. ಸ್ವಲ್ಪ ಬಿಟ್ಟುಕೊಡುವುದು ರಾಜಿ, ಅರ್ಧಕ್ಕರ್ಧ ಬಿಟ್ಟುಕೊಡುವುದು ದಿವಾಳಿ.

ಆರು ತಿಂಗಳ ಕತ್ತಿ

1994ರಲ್ಲಿ ಪಾರ್ಲಿಮೆಂಟು ಒಂದು ಒಳ್ಳೆಯ ಕೆಲಸ ಮಾಡಿತ್ತು. ಪರಿಹಾರದ ಅರ್ಜಿಗೆ ಗಡುವೇ ಬೇಡ ಎಂದು ತೆಗೆದು ಹಾಕಿತ್ತು. 2019ರ ತಿದ್ದುಪಡಿ ಆ ಗಡುವನ್ನು ಮತ್ತೆ ತಂದು ಕೂರಿಸಿತು. ಅಪಘಾತವಾದ ಆರು ತಿಂಗಳೊಳಗೆ ಅರ್ಜಿ. 2022ರ ಏಪ್ರಿಲ್‌ನಿಂದ ಜಾರಿ. ದಿನಕರ್ಮ ಮುಗಿಸಿ, ಸಾಲಗಾರರಿಗೆ ಉತ್ತರ ಹೇಳಿ, ಮಕ್ಕಳನ್ನು ಶಾಲೆಗೆ ಮರಳಿ ಕಳಿಸುವಷ್ಟರಲ್ಲಿ ಆರು ತಿಂಗಳು ಎಲ್ಲಿ ಹೋಯಿತು ಅನ್ನುವುದು ಗೊತ್ತಾಗುವುದಿಲ್ಲ. ಇದನ್ನು ಪ್ರಶ್ನಿಸಿ ಹಲವರು ಸುಪ್ರೀಂ ಕೋರ್ಟಿಗೆ ಹೋದರು. ತಡವಾಯಿತೆಂಬ ಒಂದೇ ಕಾರಣಕ್ಕೆ ಅರ್ಜಿ ವಜಾ ಮಾಡಬೇಡಿ ಎಂದು 2025ರ ನವೆಂಬರ್‌ನಲ್ಲಿ ಕೋರ್ಟು ಮಧ್ಯಂತರ ಆದೇಶ ಕೊಟ್ಟಿತು. ಮಧ್ಯಂತರ ಆದೇಶದ ಮೇಲೆ ಭಾರ ಹಾಕಿ ಕೂರಬೇಡಿ. ಆರು ತಿಂಗಳೊಳಗೇ ಹಾಕಿಬಿಡಿ.

ನ್ಯಾಯವಾಗಿ ನೋಡಿದರೆ ಮನೆಯವರು ಓಡಾಡುವ ಅಗತ್ಯವೇ ಇರಬಾರದು. 2022ರ ನಿಯಮಗಳ ಪ್ರಕಾರ ಪೊಲೀಸರು 48 ಗಂಟೆಯಲ್ಲಿ ಮೊದಲ ಅಪಘಾತ ವರದಿಯನ್ನು ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಕಳಿಸಬೇಕು. 50 ದಿನದಲ್ಲಿ ಮಧ್ಯಂತರ ವರದಿ, 90 ದಿನದಲ್ಲಿ ಪೂರ್ಣ ವರದಿ. ಸತ್ತವರ ಮನೆಯವರಿಗೆ 10 ದಿನದೊಳಗೆ ಅವರ ಹಕ್ಕುಗಳ ವಿವರ ಕೊಡಬೇಕು. ಆ ವರದಿಯನ್ನೇ ಪರಿಹಾರದ ಅರ್ಜಿ ಎಂದು ನ್ಯಾಯಮಂಡಳಿ ತೆಗೆದುಕೊಳ್ಳಬಹುದು. ಇದನ್ನು ಕಟ್ಟುನಿಟ್ಟಾಗಿ ಪಾಲಿಸಿ ಎಂದು 2022ರ ಡಿಸೆಂಬರ್ 15ರಂದು ಗೋಹರ್ ಮೊಹಮ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಬಂದೋಬಸ್ತು, ಜಾತ್ರೆ, ಮಂತ್ರಿಗಳ ಬೆಂಗಾವಲು ಎಲ್ಲ ಮುಗಿಸಿ ಬರುವ ಠಾಣೆಯ ಸಿಬ್ಬಂದಿಗೆ ಇದು ಹೊರೆಯೇ ಸರಿ. ಹೊರೆ ಅಂತ ಬಿಟ್ಟರೆ ಸೋಲುವುದು ಯಾರು?

ಇನ್ನೊಂದು ಸಂಗತಿ ನಮ್ಮ ಜಿಲ್ಲೆಗೆ ಮುಖ್ಯ. ನಮ್ಮವರು ದುಡಿಯಲು ಗೋವಾಕ್ಕೆ, ಮಂಗಳೂರಿಗೆ ಗುಳೇ ಹೋಗುತ್ತಾರೆ. ಅಲ್ಲಿ ಅಪಘಾತದಲ್ಲಿ ಸತ್ತರೆ ಕೇಸಿಗೆ ಅಲ್ಲಿಗೇ ಅಲೆಯಬೇಕಿಲ್ಲ. ಅರ್ಜಿದಾರರು ವಾಸ ಇರುವ ಕಡೆಯ ನ್ಯಾಯಮಂಡಳಿಯಲ್ಲೂ ಅರ್ಜಿ ಹಾಕಬಹುದು. ಹೆಣ ಅಲ್ಲಿಂದ ತರುವಾಗ ಎಫ್‌ಐಆರ್ ಪ್ರತಿಯನ್ನೂ, ಗಾಡಿಯ ವಿಮೆಯ ವಿವರವನ್ನೂ ತರಬೇಕು.

ವಿಮೆ ಕೈ ಎತ್ತುವ ಜಾಗಗಳು

ಎಲ್ಲ ಸಾವಿಗೂ ವಿಮೆ ಕೊಡುತ್ತದೆ ಅಂತ ತಿಳಿಯಬೇಡಿ. ಮದುವೆ ಸುಗ್ಗಿಯಲ್ಲಿ ಟ್ರ್ಯಾಕ್ಟರ್ ಟ್ರೇಲರಿನಲ್ಲಿ, ಗೂಡ್ಸ್ ಟೆಂಪೋದಲ್ಲಿ ನಲವತ್ತು ಮಂದಿ ದಿಬ್ಬಣ ಹೊರಡುತ್ತದೆ. ಮೆಣಸಿನಕಾಯಿ ಬಿಡಿಸಲು ಹೆಣ್ಣಾಳುಗಳನ್ನು ಹಾಗೇ ತುಂಬಿಕೊಂಡು ಹೋಗುತ್ತಾರೆ. ಸರಕಿನ ಗಾಡಿಯಲ್ಲಿ ಸುಮ್ಮನೆ ಹತ್ತಿದ ಪ್ರಯಾಣಿಕನಿಗೆ ವಿಮೆಯ ರಕ್ಷೆ ಇಲ್ಲ ಅನ್ನುವುದು ಸುಪ್ರೀಂ ಕೋರ್ಟಿನಲ್ಲಿ ಇಪ್ಪತ್ತು ವರ್ಷಕ್ಕೂ ಹಿಂದೆಯೇ ತೀರ್ಮಾನವಾದ ಮಾತು. ತನ್ನ ಸರಕಿನ ಜತೆ ಹೋಗುವ ಮಾಲೀಕನಿಗೆ ಮಾತ್ರ 1994ರ ತಿದ್ದುಪಡಿ ರಕ್ಷೆ ಕೊಟ್ಟಿದೆ. ಉಳಿದವರ ಪರಿಹಾರ ಗಾಡಿ ಮಾಲೀಕನ ತಲೆಗೆ. ಅವನಿಗಿರುವುದು ಆ ಟ್ರ್ಯಾಕ್ಟರ್ ಒಂದೇ, ಅದೂ ಸಾಲದ್ದು. ಆದೇಶದ ಪ್ರತಿಯನ್ನು ಗೋಡೆಗೆ ತೂಗು ಹಾಕಿಕೊಳ್ಳಬೇಕು.

ಬೈಕಿಗೆ ಕಡಿಮೆ ದುಡ್ಡಿನ 'ಥರ್ಡ್ ಪಾರ್ಟಿ' ವಿಮೆ ಮಾತ್ರ ಮಾಡಿಸಿದ್ದರೆ ಹಿಂದೆ ಕೂತವನಿಗೆ ಆ ಬೈಕಿನ ವಿಮೆ ಅನ್ವಯಿಸುವುದಿಲ್ಲ. ತಾನೇ ಅಡ್ಡಾದಿಡ್ಡಿ ಹೊಡೆದು ಸತ್ತವನ ಮನೆಯವರಿಗೂ 166ರಲ್ಲಿ ಪರಿಹಾರವಿಲ್ಲ. ಅರಸೀಕೆರೆ ಕಡೆ 2014ರಲ್ಲಿ ನಡೆದ ಒಂದು ಅಪಘಾತದ ಪ್ರಕರಣದಲ್ಲಿ 2025ರ ಜುಲೈನಲ್ಲಿ ಸುಪ್ರೀಂ ಕೋರ್ಟು ಇದನ್ನೇ ಎತ್ತಿಹಿಡಿಯಿತು. ಅಂಥ ಸಾವಿಗೆ ಉಳಿಯುವುದು ಮಾಲೀಕ-ಚಾಲಕನ ವೈಯಕ್ತಿಕ ಅಪಘಾತ ವಿಮೆ. 2018ರಲ್ಲಿ ಅದನ್ನು 15 ಲಕ್ಷಕ್ಕೆ ಏರಿಸಿದರು. ಆಗ ವರ್ಷಕ್ಕೆ ಕಟ್ಟಬೇಕಿದ್ದದ್ದು 750 ರೂಪಾಯಿ. 'ಅದನ್ನ ತಗೀರಿ, ರೊಕ್ಕ ಕಮ್ಮಿ ಆಗತೈತಿ' ಅಂತ ಅಂಗಡಿಯಲ್ಲಿ ಹೇಳುವವರಿದ್ದಾರೆ. ಲೈಸೆನ್ಸ್ ಇಲ್ಲದವನಿಗೆ ಅದೂ ಇಲ್ಲ.

ನಿಂತ ಲಾರಿಗೆ ಗುದ್ದಿದ ಗಾಡಿಯಲ್ಲಿ ಪ್ರಯಾಣಿಕರಾಗಿ ಸತ್ತವರದ್ದು ಬೇರೆ ಮಾತು. ಅವರದ್ದೇನೂ ತಪ್ಪಿರುವುದಿಲ್ಲ. ಎರಡು ಗಾಡಿಗಳದ್ದೂ ತಪ್ಪಿದ್ದರೆ ಪೂರ್ತಿ ಪರಿಹಾರವನ್ನು ಇಬ್ಬರಲ್ಲಿ ಯಾರಿಂದ ಬೇಕಾದರೂ ವಸೂಲು ಮಾಡಬಹುದು. ತಪ್ಪಿನ ಪಾಲು ಅವರವರೇ ಹಂಚಿಕೊಳ್ಳಲಿ.

ಜಪ್ತಿಯ ದಿನದ ನಗು

ಸಾರಿಗೆ ಸಂಸ್ಥೆಯ ಬಸ್ಸು ಜಪ್ತಿಯಾದ ಸುದ್ದಿ ನಿಮಗೆಲ್ಲ ಗೊತ್ತು. ಆದೇಶವಾಗಿ ವರ್ಷವಾದರೂ ದುಡ್ಡು ಕಟ್ಟದಿದ್ದಾಗ ಕೋರ್ಟಿನ ಅಮೀನರು ಬಸ್ ನಿಲ್ದಾಣಕ್ಕೆ ಬಂದು ಗಾಡಿ ನಿಲ್ಲಿಸುತ್ತಾರೆ. ಪ್ರಯಾಣಿಕರು ಗೊಣಗುತ್ತ ಇಳಿಯುತ್ತಾರೆ, ಹುಡುಗರು ನಗುತ್ತ ಮೊಬೈಲಿನಲ್ಲಿ ಫೋಟೋ ಹೊಡೆಯುತ್ತಾರೆ. ನಾವೂ ಖುಷಿಯಿಂದ ಮೊದಲ ಪುಟಕ್ಕೆ ಹಾಕುತ್ತೇವೆ. ಆ ಬಸ್ಸಿನ ಹಿಂದೆ ಒಂದು ಮನೆ ಇದೆ, ವರ್ಷಗಟ್ಟಲೆ ಆ ಹಣಕ್ಕೆ ಕಾದು ಕೂತಿದೆ ಅನ್ನುವುದನ್ನು ಬರೆಯುವುದಿಲ್ಲ.

ಹಣ ಬಂದ ಮೇಲೂ ಕಥೆ ಮುಗಿಯುವುದಿಲ್ಲ. ಮಕ್ಕಳ ಪಾಲನ್ನು ಹದಿನೆಂಟು ತುಂಬುವವರೆಗೆ ಬ್ಯಾಂಕಿನಲ್ಲಿ ಠೇವಣಿ ಇಡಿಸುತ್ತಾರೆ. ಹೆಂಡತಿಯ ಪಾಲಿನಲ್ಲೂ ಒಂದು ಭಾಗ ಠೇವಣಿ. 'ನಮ್ಮ ರೊಕ್ಕ ನಮ್ಗ ಕೊಡೂದಿಲ್ಲ' ಅಂತ ಬಹಳ ಮಂದಿಗೆ ಸಿಟ್ಟು. ಸಿಟ್ಟಾಗಬೇಡಿ. ಮೈದುನನ ಬೋರ್‌ವೆಲ್ಲಿಗೆ, ಅಳಿಯನ ಗಾಡಿಗೆ, ಏಜೆಂಟನ ಕಮಿಷನ್ನಿಗೆ ಹೋಗದೆ ಆ ಹಣ ಉಳಿಯುವುದು ಈ ಠೇವಣಿಯಿಂದಲೇ.

ನಾವು ಮಾಡಬೇಕಾದದ್ದು

ಆ ಹೆಣ್ಣುಮಗಳ ಸಂಗಡ ನಾನೂ ಹೋಗಿ ಅರ್ಜಿ ಕೊಟ್ಟು ಬಂದೆ. ಕಚೇರಿಯ ಗುಮಾಸ್ತರು ಕಾಗದ ತಿರುವಿ ನೋಡಿ, "ಇಂಥಾ ಅರ್ಜಿ ನಾ ನೋಡಿದ್ದು ಇದ ಮೊದಲ್ರಿ" ಅಂದರು. ಮುದ್ರೆ ಹೊಡೆದು ಸ್ವೀಕೃತಿ ಕೊಟ್ಟರು. ಅವರದ್ದೂ ತಪ್ಪಿಲ್ಲ. ಕೇಳಲು ಯಾರೂ ಬರದಿದ್ದರೆ ಅವರಾದರೂ ಎಲ್ಲಿಂದ ನೋಡಬೇಕು? ಹಣ ಇನ್ನೂ ಬಂದಿಲ್ಲ. ಬಂದ ದಿನ ಇದೇ ಅಂಕಣದಲ್ಲಿ ತಿಳಿಸುತ್ತೇನೆ, ಬಾರದಿದ್ದರೂ ತಿಳಿಸುತ್ತೇನೆ.

ಹೊರಗೆ ಬಂದ ಮೇಲೆ ಆಕೆ ಆ ಹಳೆ ಪತ್ರಿಕೆಯನ್ನು ಮಡಚಿ ಸೆರಗಿನಲ್ಲಿ ಕಟ್ಟಿಕೊಂಡಳು. "ಅದರಿಂದ ಏನೂ ಉಪಯೋಗ ಇಲ್ಲವ್ವಾ, ಬಿಡು" ಅಂದೆ. "ಇರ್ಲಿ ಬಿಡ್ರಿ. ಅವರ ಹೆಸರು ಪೇಪರಿನ್ಯಾಗ ಬಂದದ್ದು ಇದೊಂದ ಸಲ" ಅಂದಳು.

ಜಿಲ್ಲಾಧಿಕಾರಿಗಳಿಗೆ ನಮ್ಮ ವಿನಂತಿ ದೊಡ್ಡದೇನಲ್ಲ. ಪ್ರತಿ ತಹಶೀಲ್ದಾರ್ ಕಚೇರಿ, ಪ್ರತಿ ಪೊಲೀಸ್ ಠಾಣೆ, ಪ್ರತಿ ಸರ್ಕಾರಿ ಶವಾಗಾರದ ಬಾಗಿಲಿಗೆ ಒಂದೊಂದು ಫಲಕ ತೂಗು ಹಾಕಿಸಿ. ಓಡಿಹೋದ ಗಾಡಿಗೆ 2 ಲಕ್ಷ, ಅರ್ಜಿ ಎಲ್ಲಿ, ಪುಕ್ಕಟೆ ವಕೀಲರು ಎಲ್ಲಿ, ಆರು ತಿಂಗಳ ಗಡುವು. ನಾಲ್ಕೇ ಸಾಲು ಸಾಕು. ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗಳು ಗಾಡಿ ಸಿಗದ ಕೇಸುಗಳ ಕಡತ ತರಿಸಿ, ಎಷ್ಟು ಮನೆಗಳಿಗೆ ಲಿಖಿತ ತಿಳುವಳಿಕೆ ಹೋಗಿದೆ ಎಂದು ಎಣಿಸಿ ನೋಡಲಿ. ಗ್ರಾಮ ಪಂಚಾಯಿತಿ ಸದಸ್ಯರು ಸೂತಕದ ಮನೆಗೆ ಹೋದಾಗ ಸಮಾಧಾನದ ಮಾತಿನ ಜತೆ ಎಫ್‌ಐಆರ್ ಪ್ರತಿ ತಂದುಕೊಡಲಿ.

ನಮ್ಮ ಪಾಲಿನದ್ದೂ ಇದೆ. ಸಂಪಾದಕರನ್ನು ಒಪ್ಪಿಸಿದ್ದೇನೆ. ಇನ್ನು ಮುಂದೆ ಈ ಪತ್ರಿಕೆಯ ಪ್ರತಿ ರಸ್ತೆ ಸಾವಿನ ಸುದ್ದಿಯ ಕೆಳಗೆ ಎರಡು ಸಾಲು ಹೆಚ್ಚಿಗೆ ಇರುತ್ತದೆ: ಗುದ್ದಿದ ಗಾಡಿಯ ನಂಬರು, ಠಾಣೆ ಮತ್ತು ಅಪರಾಧ ಸಂಖ್ಯೆ, ಮನೆಯವರು ಎಲ್ಲಿಗೆ ಹೋಗಬೇಕು ಎಂಬುದು. ವಯಸ್ಸನ್ನು ಫೋನಿನಲ್ಲಿ ಅಂದಾಜು ಕೇಳಿ ಬರೆಯುವುದಿಲ್ಲ. ನಾಲ್ಕು ಸಾಲಿನ ಜಾಗಕ್ಕೆ ಆರು ಸಾಲು ಬೇಕಾಗುತ್ತದೆ. ಜಾಹೀರಾತು ಎರಡು ಸಾಲು ಸರಿದು ಕೂರಲಿ, ಅಡ್ಡಿ ಇಲ್ಲ.